ಕಿತ್ತ ಹಳಿಯ ಗಡಿ

ಜೆಲೆನಾ ಎಂಬ ಊರಿನ ಮುದುಕ ವಸಿಲ್ ಹಾವ್ರಿಲುಕ್ ಜೇಬಿನಿಂದ ರೈಲುಹಳಿಯ ತುಕ್ಕು ಮೊಳೆಯೊಂದನ್ನು ತೆಗೆದು, ಚುನಾವಣಾ ಕ್ಷೇತ್ರ ಮರುವಿಂಗಡಣಾ ಆಯೋಗದವರ ಮುಂದಿದ್ದ ಸಸ್ಕ್ಯಾಚೆವಾನ್ ಪ್ರಾಂತ್ಯದ ನಕ್ಷೆಯ ಮೇಲೆ ಕುಕ್ಕಿದ. "ಗಡಿ ಹಳಿಗುಂಟ ಹೋಗುತ್ತೆ ಅಂತ ಬರೆದಿದ್ದೀರಲ್ಲ ಸ್ವಾಮಿ, ಎಲ್ಲಿದೆ ಹಳಿ? ಕಿತ್ತು ಒಯ್ದು ಹದಿನೆಂಟು ವರ್ಷ ಆಯ್ತು! ಇಲ್ಲದ ಹಳಿಗೋಸ್ಕರ ನನ್ನನ್ನ ಒಂದು ಕ್ಷೇತ್ರಕ್ಕೆ, ಎದುರುಮನೆ ತಂಗಿ ಸ್ಟೆಫ್ಕಾನ ಇನ್ನೊಂದಕ್ಕೆ ಹಾಕ್ತೀರಾ? ಮೊದಲೇ ಪ್ರಾಂತ್ಯದ ವೋಟಿಗೊಂದು ಕ್ಷೇತ್ರ, ಕೇಂದ್ರದ ಫೆಡರಲ್ ವೋಟಿಗೊಂದು. ಮುಂದಿನ ಸಲ ನನ್ನ ಅಡುಗೆಮನೆಗೂ ಒಂದು ಕೊಟ್ಟುಬಿಡಿ!"

ಸಭೆಯಲ್ಲಿದ್ದ ಹತ್ತು ಮಂದಿ ನಕ್ಕರು. ಅಧ್ಯಕ್ಷರಾಗಿದ್ದ ನ್ಯಾಯಾಧೀಶರೂ ನಕ್ಕರು. "ಊರನ್ನ ಒಡೆಯೋದು ನಮಗೂ ಇಷ್ಟ ಇಲ್ಲ, ಹಾವ್ರಿಲುಕ್ ಅವರೇ. ಎಲ್ಲಿ, ನಿಮ್ಮೂರು ತೋರಿಸಿ."

ವಸಿಲ್ ಬಾಗಿದ. ನಕ್ಷೆಯಲ್ಲಿ ಹಳಿ ಈಗಷ್ಟೇ ರೈಲು ಹಾದುಹೋದಂತೆ ಕಪ್ಪಗೆ, ನೇರವಾಗಿತ್ತು. ಅದರುದ್ದಕ್ಕೂ ಬೆರಳಾಡಿಸುತ್ತ ಹೋದ, ಮತ್ತೆ ಹಿಂದಕ್ಕೆ ಬಂದ. ಜೆಲೆನಾ ಎಲ್ಲೂ ಇರಲಿಲ್ಲ. ಕೊನೆಗೆ ಮೊಳೆಯನ್ನೆತ್ತಿ "ಇಲ್ಲಿ" ಎಂದ. ಅಲ್ಲಿ ಬೆರಳಗಲದ ತುಕ್ಕಿನ ಕಲೆ ಮಾತ್ರ ಇತ್ತು.

"ಅಯ್ಯೋ, ಒಂದ್ನಿಮಿಷ," ಎಂದು ಆಯೋಗದ ಗುಮಾಸ್ತೆ ಒದ್ದೆ ಬಟ್ಟೆ ತಂದು, ನಕ್ಷೆ ಹಾಳಾಗದಂತೆ ಜೋಪಾನವಾಗಿ ಆ ಕಲೆಯನ್ನು ಒರೆಸಿದಳು.