ಸೆರಗಿಗೆ ಒರೆಸಿದ ಕೈ

"ಗಂಡ ಕೆಟ್ಟವನು ಅಂತ ಒಂದೇ ದೃಶ್ಯದಲ್ಲಿ ಗೊತ್ತಾಗಬೇಕು. ಹೆಂಡತಿಗೆ ಹೊಡೆಸೋಣ್ವಾ?" ಎಂದು ನಿರ್ದೇಶಕರು ಕೇಳಿದರು.

"ಬೇಡ ಸರ್, ಊಟಕ್ಕೆ ಕೂರಿಸಿ," ಎಂದಳು ಚಿತ್ರಕಥೆ ಬರೆಯುತ್ತಿದ್ದ ಪದ್ಮಲತಾ.

ಆ ದೃಶ್ಯಕ್ಕಾಗಿ ಅವಳು ಏನನ್ನೂ ಕಲ್ಪಿಸಿಕೊಳ್ಳಬೇಕಾಗಲಿಲ್ಲ. ಗಂಡ ಕೋಳಿಸಾರಿನ ತುಂಡುಗಳನ್ನೆಲ್ಲ ತನ್ನ ತಟ್ಟೆಗೇ ಆರಿಸಿ ಹಾಕಿಕೊಳ್ಳುತ್ತಾನೆ, ಅಗಿದ ಮೂಳೆಗಳನ್ನು ಹೆಂಡತಿಯ ತಟ್ಟೆಗೆ ಎಸೆಯುತ್ತಾನೆ, ಕೊನೆಗೆ ಅವಳ ಸೆರಗಿಗೆ ಕೈ ಒರೆಸಿ ಏಳುತ್ತಾನೆ. ಒಂಬತ್ತು ವರ್ಷ ಪದ್ಮಲತಾ ತನ್ನ ಗಂಡನೆದುರು ಹಾಗೆಯೇ ಕೂತಿದ್ದಳು.

ಸಿನಿಮಾ ಬಿಡುಗಡೆಯಾದಾಗ, ಈಗ ಬೇರೆ ಮದುವೆಯಾಗಿದ್ದ ಆ ಮಾಜಿ ಗಂಡನಿಗೆ ಎರಡು ಟಿಕೆಟ್ ಕಳಿಸಿದಳು. ಥಿಯೇಟರಿನ ಜನವೆಲ್ಲ ಉಗಿಯುವುದನ್ನು ಅವನು ಕೂತು ಕೇಳಬೇಕಿತ್ತು.

ಮಾರನೆಯ ಬೆಳಿಗ್ಗೆ ಅವನ ಫೋನ್ ಬಂತು. ಬೈಗುಳಕ್ಕೆ ಸಿದ್ಧಳಾಗಿಯೇ ಎತ್ತಿದಳು.

"ಭಲೇ ಬರ್ದಿದೀಯ ಕಣೇ! ಥೂ, ಎಂಥಾ ನೀಚ ಅವನು! ಎಲ್ಲರ ಜೊತೆ ನಾನೂ ಉಗ್ದೆ."

ಇಷ್ಟು ವರ್ಷ ಕಾದದ್ದೆಲ್ಲ ದಂಡವಾಯಿತೆಂದು ಅವಳು ಫೋನ್ ಇಡಲು ಹೊರಟಳು.

"ಒಂದು ಮಾತ್ರ ಅರ್ಥ ಆಗ್ಲಿಲ್ಲ," ಎಂದು ಅವನು ಮುಂದುವರಿಸಿದ. "ಆ ಊಟದ ಸೀನ್ ಮುಗೀತಿದ್ದಂಗೆ ನನ್ನ ಹೆಂಡ್ತಿ ಎದ್ದು ತೌರಿಗೆ ಹೋದ್ಲು, ಇನ್ನು ವಾಪಸ್ ಬರಲ್ಲ ಅಂತಿದಾಳೆ."