ಕರೆಂಟಿನ ಹಲಗೆ

ತಲೆ ಒರೆಸಿಕೊಳ್ಳುತ್ತ ಬಂದ ಮಾಯಾ ದೇವರ ಕೋಣೆಯ ಬಾಗಿಲಲ್ಲಿ ನಿಂತುಬಿಟ್ಟಳು. ಸರಸ್ವತಿಯ ಪಟದ ಮುಂದೆ, ಅಪ್ಪನ ಪಿಟೀಲಿನ ಪಕ್ಕದಲ್ಲಿ, ರೇಷ್ಮೆ ವಸ್ತ್ರದ ಮೇಲೆ ಅವಳ ಎಲೆಕ್ಟ್ರಿಕ್ ಗಿಟಾರ್ ಮಲಗಿತ್ತು. ತಂತಿಗಳ ಮೇಲೆ ಸೇವಂತಿಗೆ, ಮೈಮೇಲೆ ಅರಿಶಿನ ಕುಂಕುಮ. ಊದುಬತ್ತಿ ಅರ್ಧ ಉರಿದಿತ್ತು.

"ಅಪ್ಪಾ! ನನ್ನ ಗಿಟಾರ್ ಯಾರು ಇಲ್ಲಿ ಇಟ್ಟಿದ್ದು?"

"ನಾನೇ," ಎಂದರು ಶೇಷಾದ್ರಿ. ಇನ್ನೂ ಮಡಿಪಂಚೆಯಲ್ಲೇ ಇದ್ದರು. "ಇವತ್ತು ಸರಸ್ವತಿ ಪೂಜೆ ಅಲ್ವೇನಮ್ಮ. ಪುಸ್ತಕ, ವಾದ್ಯ ಎಲ್ಲಾ ಇಡ್ಬೇಕು."

"ಓಕೆ. ಪೂಜೆ ಆಯ್ತಲ್ಲ, ತಗೋತೀನಿ."

"ಮುಟ್ಟಬೇಡ! ವಿಸರ್ಜನೆ ಮಂಗಳವಾರ. ಅಲ್ಲೀವರೆಗೂ ಓದೋ ಹಾಗಿಲ್ಲ, ನುಡಿಸೋ ಹಾಗಿಲ್ಲ."

ಅವತ್ತು ಶನಿವಾರ, ಗಂಟೆ ಒಂದಾಗಿತ್ತು. ಮೂರಕ್ಕೆ ವಾಷಿಂಗ್ಟನ್ನಿನ ಒಂದು ಕ್ಲಬ್ಬಿನಲ್ಲಿ, ಅಟ್ಲಾಂಟಾದಿಂದ ಬಂದಿದ್ದ ಹಿರಿಯ ಬ್ಲೂಸ್ ಗಾಯಕಿಯೊಬ್ಬರು ತಮ್ಮ ಬ್ಯಾಂಡಿಗೆ ಗಿಟಾರ್ ನುಡಿಸುವವರನ್ನು ಆರಿಸುವವರಿದ್ದರು. ಮಾಯಾಳ ಹೆಸರು ಪಟ್ಟಿಯಲ್ಲಿತ್ತು. ಆ ಹೆಸರು ಅಲ್ಲಿ ಸೇರುವುದಕ್ಕೆ ಅವಳು ಏಳು ವರ್ಷ ಉತ್ತರ, ದಕ್ಷಿಣ ಎರಡೂ ಕೆರೊಲಿನಾ ರಾಜ್ಯಗಳ ಬಾರುಗಳಲ್ಲಿ ನುಡಿಸಿದ್ದಳು, ವ್ಯಾನಿನಲ್ಲಿ ಮಲಗಿ ಎದ್ದಿದ್ದಳು, "ಇಂಡಿಯನ್ ಹುಡುಗಿಗೆ ಬ್ಲೂಸ್ ಏನು ಗೊತ್ತು" ಎಂದವರ ಮುಂದೆ ಬೆರಳ ತುದಿ ಒಡೆಯುವವರೆಗೂ ತಂತಿ ಎಳೆದಿದ್ದಳು. ರಾಕ್‌ವಿಲ್‌ನ ಈ ಮನೆಗೆ ಅವಳು ಹಿಂದಿನ ದಿನ ಬಂದದ್ದು ಹಬ್ಬಕ್ಕಲ್ಲ, ಇದಕ್ಕೆ.

"ಬೇರೆಯವರ ಗಿಟಾರ್ ಇಸ್ಕೋಬಾರ್ದೇನೇ?" ಎಂದರು ಅಡುಗೆಮನೆಯಿಂದ ನಳಿನಿ. "ಅವರು ಹೇಳೋದೂ ಸರಿ, ನಿಂದೂ ಸರಿ." ಅಡ್ಡಗೋಡೆಯ ಮೇಲೆ ದೀಪ ಇಡುವುದರಲ್ಲಿ ಆಕೆಗೆ ಮೂವತ್ತು ವರ್ಷದ ಸರ್ವೀಸು.

"ಅಮ್ಮಾ, ಪ್ಲೀಸ್! ಬೇರೆ ಗಿಟಾರ್‌ನಲ್ಲಿ ನನ್ನ ಕೈ ಓಡಲ್ಲ. ಹನ್ನೆರಡು ವರ್ಷದಿಂದ ಇದೊಂದೇ ನನಗೆ ಗೊತ್ತಿರೋದು." ಅವಳು ಅಪ್ಪನ ಕಡೆ ತಿರುಗಿದಳು. ಸಿಟ್ಟಿಗೆ ದನಿ ಒಡೆಯಿತು. "ವಾದ್ಯ ಅಂತೆ! ಎವ್ರಿ ಸಿಂಗಲ್ ಟೈಮ್ ನೀವು ಏನಂತಿದ್ರಿ? ಹೇಳಿ!"

ಏನೆನ್ನುತ್ತಿದ್ದರು ಎಂಬುದು ಆ ಮನೆಯ ಗೋಡೆಗಳಿಗೂ ಗೊತ್ತಿತ್ತು. "ಅದು ವಾದ್ಯವೇ ಅಲ್ಲ. ಕರೆಂಟಿನ ಹಲಗೆ. ಪ್ಲಗ್ ಕಿತ್ತರೆ ಸತ್ತುಹೋಗುತ್ತೆ." ಅವಳು ಹದಿನಾಲ್ಕರಲ್ಲಿ ಮೊದಲ ಸಲ ಗಿಟಾರ್ ಹಿಡಿದಾಗ ಅಂದದ್ದು ಅದು. ಫಾರ್ಮಸಿ ಕಾಲೇಜು ಬಿಟ್ಟಾಗ ಅಂದದ್ದೂ ಅದೇ. ಲ್ಯಾನ್‌ಹ್ಯಾಮ್ ದೇವಸ್ಥಾನದಲ್ಲಿ ಯಾರಾದರೂ ಮಗಳ ಬಗ್ಗೆ ಕೇಳಿದರೆ "ಅಟ್ಲಾಂಟಾದಲ್ಲಿ ಪ್ರಾಜೆಕ್ಟ್ ಮೇಲಿದ್ದಾಳೆ" ಎಂದು ಪ್ರಸಾದ ಬಾಯಿಗೆ ಹಾಕಿಕೊಳ್ಳುವ ಮನುಷ್ಯ. ದೇವಸ್ಥಾನದಲ್ಲೇ ನಿಂತು ಸುಳ್ಳು!

ಶೇಷಾದ್ರಿ ನೆಲ ನೋಡುತ್ತ ಹೇಳಿದರು: "ನಿನ್ನೆ ಸಾಯಂಕಾಲ ನೀನು ಬೇಸ್‌ಮೆಂಟ್‌ನಲ್ಲಿ ನುಡಿಸ್ತಿದ್ದೆ. ಪ್ಲಗ್ ಹಾಕಿರಲಿಲ್ಲ. ನಾನು ಮೆಟ್ಟಿಲ ಮೇಲೆ ಕೂತು ಕೇಳಿಸ್ಕೊಂಡೆ. ನೀನು ತಂತಿ ಎಳೆದು ಒಂದು ಗಮಕ ತೆಗೆದೆ ನೋಡು... ನಲವತ್ತು ವರ್ಷದ ಪಿಟೀಲಲ್ಲಿ ನನಗೆ ಅದು ಬಂದಿಲ್ಲ. ಅದಕ್ಕೇ ಇಟ್ಟೆ."

ಮಾಯಾಳಿಗೆ ಮೈಯೆಲ್ಲ ಉರಿಯಿತು. ಇಷ್ಟು ವರ್ಷ ಕಾದದ್ದು ಈ ಮಾತಿಗೇ. ಅದು ಬಂದದ್ದು ಇವತ್ತು, ಅವಳ ಕೈ ಕಟ್ಟಿಹಾಕುವುದಕ್ಕೆ.

"ಟೂ ಲೇಟ್, ಅಪ್ಪಾ," ಎಂದಳು. "ವಾದ್ಯ ಆದ್ರೆ ತಾನೇ ಈ ರೂಲು? ಅಲ್ಲ ಅಂತ ಹೇಳಿಬಿಡಿ. ಅಷ್ಟು ಸಲ ಹೇಳಿದೀರಿ, ಇನ್ನೊಂದ್ಸಲ ಹೇಳೋದಕ್ಕೆ ಏನು? ಹೇಳಿ, ನಾನು ತಗೊಂಡು ಹೋಗ್ತೀನಿ."

ಶೇಷಾದ್ರಿ ಗಿಟಾರಿನ ಮೇಲೆ ತಾವೇ ಇಟ್ಟ ಕುಂಕುಮವನ್ನು ನೋಡಿದರು, ಪಟವನ್ನು ನೋಡಿದರು. ನಳಿನಿ ಒಲೆ ಆರಿಸಿ ಬಾಗಿಲಿಗೆ ಬಂದು ನಿಂತರು.

"ಟೈಮ್ ಆಗ್ತಿದೆ, ಅಪ್ಪಾ!"

"ಅದು..." ಎಂದರು ಶೇಷಾದ್ರಿ. "ಅದು ವಾದ್ಯವೇ ಅಲ್ಲ. ಕರೆಂಟಿನ ಹಲಗೆ. ತಗೊಂಡು ಹೋಗು."

ಮಾಯಾ ಗಿಟಾರನ್ನು ಎಳೆದುಕೊಂಡಳು. ಸೇವಂತಿಗೆ ನೆಲಕ್ಕೆ ಬಿತ್ತು. ಕುಂಕುಮ ಒರೆಸುವಷ್ಟೂ ವ್ಯವಧಾನವಿಲ್ಲದೆ ಪೆಟ್ಟಿಗೆಗೆ ಹಾಕಿ ಮುಚ್ಚಳ ಕುಕ್ಕಿದಳು. ಹೊರಬಾಗಿಲ ಬಳಿ ಬೂಟಿನ ಲೇಸು ಕಟ್ಟಿಕೊಳ್ಳುವಾಗ ಬೇಡಬೇಡವೆಂದರೂ ಕಣ್ಣು ಹಿಂದಕ್ಕೆ ಹೋಯಿತು.

ಶೇಷಾದ್ರಿ ಪಟದ ಮುಂದೆ ನಿಂತು, "ತಪ್ಪಾಯ್ತು ತಾಯಿ, ತಪ್ಪಾಯ್ತು" ಎನ್ನುತ್ತ ಎರಡೂ ಕೆನ್ನೆ ಬಡಿದುಕೊಳ್ಳುತ್ತಿದ್ದರು.

ಹನ್ನೆರಡು ವರ್ಷ ಇದೇ ಮಾತು ಹೇಳಿದ್ದರು. ಕೆನ್ನೆ ಬಡಿದುಕೊಂಡದ್ದು ಇದೇ ಮೊದಲು.