ಗೂಡು ಕಟ್ಟದ ಇಲಿಗಳು

ಎಂಟನೇ ಪೆಟ್ಟಿಗೆಯ ಇಲಿಗಳು ಆವತ್ತೂ ಗೂಡು ಕಟ್ಟಿರಲಿಲ್ಲ. ಹಿಂದಿನ ಸಂಜೆ ಹಾಕಿಟ್ಟ ಕಾಗದದ ಚೂರುಗಳು ಹಾಕಿದ ಹಾಗೇ ಬಿದ್ದಿದ್ದವು. ಪ್ರಯೋಗಾಲಯದ ಆಳು ಇಲಿಯಮ್ಮ ಒಂಬತ್ತನೆಯದನ್ನು ಎಳೆದು ನೋಡಿದಳು, ಹತ್ತನೆಯದನ್ನು ನೋಡಿದಳು. ಅಲ್ಲೂ ಅದೇ ಕಥೆ. ಇವೆಲ್ಲ ಹೊಸ ಔಷಧ ಪಡೆದ ಇಲಿಗಳು. ಎದುರು ಸಾಲಿನಲ್ಲಿ ಔಷಧ ಕೊಡದೆ ಬಿಟ್ಟ ಇಲಿಗಳಿದ್ದವು. ಅವುಗಳ ಪಕ್ಕೆಯಲ್ಲೂ ಕ್ಯಾನ್ಸರ್ ಗಂಟು ಬೆಳೆಯುತ್ತಿತ್ತು. ಆದರೂ ಕಾಗದವನ್ನು ಹಲ್ಲಿನಿಂದ ಹಿಂಜಿ, ಬಟ್ಟಲಿನಂಥ ಗೂಡು ಮಾಡಿಕೊಂಡು, ಒಂದರ ಮೇಲೊಂದು ಬಿದ್ದು ನಿದ್ದೆ ಹೊಡೆಯುತ್ತಿದ್ದವು.

ಹದಿನಾರು ವರ್ಷದಿಂದ ಅಲ್ಲಿನ ಇಲಿಗಳಿಗೆ ಮೇವು, ನೀರು ನೋಡಿಕೊಳ್ಳುತ್ತಿದ್ದವಳಿಗೆ ಈ ಅಡ್ಡಹೆಸರು ಎಷ್ಟು ಅಂಟಿಕೊಂಡಿತ್ತೆಂದರೆ, ಹುಟ್ಟುಹೆಸರು ಹಾಜರಿ ಪುಸ್ತಕದಲ್ಲಷ್ಟೇ ಉಳಿದಿತ್ತು. ಓದಿದ್ದು ಕಡಿಮೆ. ಆದರೆ ಇಲಿಯ ಮೂತಿ ನೋಡಿ ಮೈ ಹುಷಾರಿದೆಯೋ ಇಲ್ಲವೋ ಹೇಳಬಲ್ಲಳು.

ವಿಜ್ಞಾನಿ ಮೇಡಂ ಬಂದು ಇಲಿಗಳನ್ನು ಒಂದೊಂದಾಗಿ ಹಿಡಿದು ಗಂಟು ಅಳೆದರು. ಆರು ವರ್ಷ ಹಗಲಿರುಳು ಈ ಔಷಧಕ್ಕಾಗಿ ದುಡಿದವರು. ಅವರ ಮುಖದಲ್ಲಿ ಇಷ್ಟು ನಗು ಇಲಿಯಮ್ಮ ಎಂದೂ ಕಂಡಿರಲಿಲ್ಲ.

“ನೋಡಿದ್ರಾ ಇಲಿಯಮ್ಮ, ಗೋಲಿಯಷ್ಟಿದ್ದ ಗಂಟು ಸಾಸಿವೆಕಾಳಿನಷ್ಟಾಗಿದೆ! ಮನುಷ್ಯರಿಗೆ ಕೊಡೋಕೆ ಮುಂಚೆ ಇದೇ ಕೊನೇ ಸುತ್ತು. ಮುಂದಿನ ತಿಂಗಳು ಆಸ್ಪತ್ರೆಯಲ್ಲಿ ಶುರು ಮಾಡಿಬಿಡೋದೇ.”

ಇಲಿಯಮ್ಮನ ನಾಲಿಗೆಯ ತುದಿಗೆ ಬಂದ ಮಾತು ಅಲ್ಲೇ ನಿಂತಿತು. ಆ ಆಸ್ಪತ್ರೆಯಲ್ಲಿ ಔಷಧ ಪಡೆಯಲಿದ್ದ ರೋಗಿಗಳ ಪಟ್ಟಿಯಲ್ಲಿ ನಾಲ್ಕನೇ ಹೆಸರು ಅವಳ ಅಕ್ಕನದು. ತಾಯಿ ಕಣ್ಣು ಮುಚ್ಚಿದ ಮೇಲೆ ತಂಗಿಯನ್ನು ಸೊಂಟದಿಂದ ಇಳಿಸದೆ ಬೆಳೆಸಿದವಳು. ಇದ್ದಬದ್ದ ಔಷಧಗಳೆಲ್ಲ ಸೋತ ಮೇಲೆ, ಮುಂದಿನ ತಿಂಗಳು ಎಂಬ ಒಂದೇ ಮಾತಿನ ಮೇಲೆ ಜೀವ ಹಿಡಿದುಕೊಂಡಿದ್ದಳು. ಮೇಡಂ ತುಂಬುತ್ತಿದ್ದ ಹಾಳೆಯಲ್ಲಿ ಗಂಟಿನ ಅಳತೆಗೆ ಜಾಗವಿತ್ತು, ತೂಕಕ್ಕೆ ಜಾಗವಿತ್ತು, ಗೂಡಿಗೆ ಇರಲಿಲ್ಲ. ಸುಮ್ಮನಿದ್ದರೆ ಯಾಕೆಂದು ಕೇಳುವವರೂ ಇರಲಿಲ್ಲ.

ಪೆಟ್ಟಿಗೆ ತೊಳೆಯಲು ಹೋದಳು. ಒಂದನ್ನು ತೊಳೆದು ಮುಗಿಸಿ, ಅದನ್ನೇ ಮತ್ತೊಂದು ಸಲ ತೊಳೆಯುತ್ತಿದ್ದೇನೆಂದು ಅರಿವಾದಾಗ ಕೈ ಒರೆಸಿಕೊಂಡು ಹಿಂದಿರುಗಿದಳು.

“ಮೇಡಂ, ಔಷಧ ತಗೊಂಡಿರೋ ಇಲಿಗಳು ನಾಲ್ಕು ದಿನದಿಂದ ಗೂಡು ಕಟ್ತಿಲ್ಲ.”

“ತೂಕ ಏನೂ ಇಳಿದಿಲ್ವಲ್ಲ?”

“ತೂಕ ಗೀಕ ನನಗೆ ಗೊತ್ತಾಗಲ್ಲ. ಗೂಡು ಬೇಡ ಅನ್ನೋ ಇಲಿಗೆ ಬದುಕೂ ಬೇಡವಾಗಿರುತ್ತೆ. ಅಷ್ಟು ಮಾತ್ರ ಗೊತ್ತು.”

ಮೇಡಂ ಮುಖದ ನಗು ಮಾಸಿತು. ಗದರಬಹುದೆಂದು ಇಲಿಯಮ್ಮ ಅಂದುಕೊಂಡಿದ್ದಳು, ಗದರಲಿಲ್ಲ. ಎಂಟನೇ ಪೆಟ್ಟಿಗೆಯ ಮುಂದೆ ಬಹಳ ಹೊತ್ತು ಬಗ್ಗಿ ನಿಂತಿದ್ದು, ಆಮೇಲೆ ರಕ್ತ ತೆಗೆಯುವ ಸೂಜಿ ತರಲು ಹೋದರು.

ಮೂರು ದಿನ ಕಳೆದ ಮೇಲೆ ಅವರೇ ಮೇವಿನ ಕೋಣೆಗೆ ಹುಡುಕಿಕೊಂಡು ಬಂದರು. “ನೀವು ಹೇಳಿದ್ದೇ ಸರಿ. ಗಂಟಿನ ಜೊತೆ ಲಿವರ್ ಕೂಡ ಹೋಗ್ತಾ ಇದೆ. ಹೊಟ್ಟೇಲಿ ನೀರು ತುಂಬಿ ತೂಕ ಸರಿಯಾಗಿದ್ದಂಗೆ ಕಾಣ್ತಿತ್ತು, ಅಷ್ಟೆ. ಆಸ್ಪತ್ರೆಗೆ ಬರೆದುಹಾಕಿದ್ದೀನಿ, ಶುರು ಮಾಡಬೇಡಿ ಅಂತ. ಪ್ರಮಾಣ ಕಡಿಮೆ ಮಾಡಿ ಮೊದಲಿಂದ ನೋಡ್ಬೇಕು. ಏನಿಲ್ಲ ಅಂದ್ರೂ ಒಂದು ವರ್ಷ.”

“ಒಂದು ವರ್ಷ,” ಎಂದಳು ಇಲಿಯಮ್ಮ. ಅಲ್ಲೇ ಮೇವಿನ ಚೀಲದ ಮೇಲೆ ಕುಳಿತುಬಿಟ್ಟಳು. “ಆ ಪಟ್ಟೀಲಿ ನಮ್ಮಕ್ಕ ಇದ್ದಾಳೆ, ಮೇಡಂ.”

ಮೇಡಂ ಅವಳ ಮುಂದೆ ಕುಕ್ಕರಗಾಲಲ್ಲಿ ಕುಳಿತರು. “ಅದು ಗೊತ್ತಿದ್ದೂ ಬಂದು ಹೇಳಿದ್ರಾ?”

“ಗೊತ್ತಿದ್ದಕ್ಕೇ ಹೇಳಿದ್ದು.”

ಭಾನುವಾರ ಬೆಳಿಗ್ಗೆ ಅಕ್ಕ ಕಿಟಕಿಯ ಬಿಸಿಲಿಗೆ ಕುರ್ಚಿ ಎಳೆದುಕೊಂಡು ಕುಳಿತಿದ್ದಳು. ಹಳೆಯ ಔಷಧಗಳು ಅವಳ ಉಗುರುಗಳನ್ನು ಕಪ್ಪಾಗಿಸಿದ್ದವು, ಮುಟ್ಟಿದರೆ ಉಗುರು ಸೀಳಿಹೋಗುತ್ತಿತ್ತು. ಇಲಿಯಮ್ಮ ಎದುರಿಗೆ ಸ್ಟೂಲು ಹಾಕಿಕೊಂಡು, ಒಂದೊಂದೇ ಉಗುರನ್ನು ಜೋಪಾನವಾಗಿ ಕತ್ತರಿಸುತ್ತಾ, ನಡೆದದ್ದನ್ನೆಲ್ಲ ತಲೆಯೆತ್ತದೆ ಹೇಳಿದಳು.

“ನಿನ್ನ ಇಲಿಗಳಿಗೆ ಮೈ ಸರಿಯಿಲ್ಲ ಅಂತ ನನ್ನ ಔಷಧ ನಿಂತೋಯ್ತಾ?”

“ಮೈ ಸರಿಯಿಲ್ಲದೆ ಏನಕ್ಕ, ಸಾಯ್ತಾ ಇದ್ವು. ನಿನಗೂ ಹಂಗೇ ಆಗಿದ್ದಿದ್ರೆ?”

“ಈಗ ನಾನೇನು ನೂರು ವರ್ಷ ಬಾಳ್ತೀನಾ?” ಎಂದು ಅಕ್ಕ ನಕ್ಕಳು. ನಗು ಕೆಮ್ಮಾಯಿತು. ಕೆಮ್ಮು ಇಳಿಯುವ ತನಕ ಇಬ್ಬರೂ ಕಾದರು. “ತಪ್ಪು ಮಾಡಿದೆ ಅಂತಿಲ್ಲ ಕಣೇ. ಪಟ್ಟೀಲಿ ನಾನೊಬ್ಬಳೇ ಇಲ್ಲ, ಅದೂ ಗೊತ್ತು. ಲಿವರ್ ಹೋದ್ರೆ ಹೋಗ್ಲಿ, ಕೊಟ್ಟುಬಿಡಿ ಅಂತಿದ್ನೇನೋ. ಅಯ್ಯೋ ಬೇಡಪ್ಪ, ಇದ್ದಷ್ಟು ದಿನ ನೆಮ್ಮದಿಯಾಗಿರ್ತೀನಿ ಅಂತಿದ್ನೇನೋ. ಏನಂತಿದ್ದೆ ಅಂತ ನನಗೇ ಗೊತ್ತಿಲ್ಲ. ಇಲಿಗಳನ್ನಂತೂ ಯಾರೂ ಕೇಳಲ್ಲ. ನನ್ನನ್ನಾದ್ರೂ ಒಂದು ಮಾತು ಕೇಳಬಹುದಿತ್ತಲ್ಲೇ.”

ಇಲಿಯಮ್ಮ ಆ ಕೈಯ ಕೊನೆಯ ಉಗುರನ್ನು ಕತ್ತರಿಸಿದಳು. ಕತ್ತರಿಸಿ ಮುಗಿದ ಕೈಯನ್ನು ಅಕ್ಕ ಬಿಸಿಲಿಗೆ ಹಿಡಿದು, ಬೆರಳು ಅಗಲಿಸಿ, ಮದುವೆಗೆ ನಿಂತ ಹುಡುಗಿಯ ಹಾಗೆ ತಿರುಗಿಸಿ ತಿರುಗಿಸಿ ನೋಡಿಕೊಂಡಳು. ಆಮೇಲೆ ಇನ್ನೊಂದು ಕೈಯನ್ನು ತಂಗಿಯ ಮಡಿಲಿಗಿಟ್ಟಳು.